ಸಂಬಳ ಸಹಿತ ಜ್ವರ

ನಾನು ಮೊದಲಿನಿಂದಲೂ ಅಂಜುಬುರುಕ. ಹೇಳಿಕೊಳ್ಳಲು ನಾಚಿಕೆಯೇನಿಲ್ಲ, ಹೋಟೆಲಿನ ಗಲ್ಲಾಪೆಟ್ಟಿಗೆಯ ಹಿಂದೆ ಕೂರುವವನು ಅಂಜುಬುರುಕನಾಗಿದ್ದರೆ ಮಾಲೀಕರಿಗೇ ನೆಮ್ಮದಿ. ಆದರೆ ಹಂದಿಜ್ವರದ ವರ್ಷ ನನ್ನ ಅಂಜಿಕೆ ಮೇರೆ ಮೀರಿತು. ಕೊಪ್ಪದ ಬಸ್‌ಸ್ಟ್ಯಾಂಡಿನ ಹತ್ತಿರವಿದ್ದ ನಮ್ಮ ಹೋಟೆಲಿಗೆ ಶಿವಮೊಗ್ಗದ ಬಸ್ಸಿನಿಂದ ಇಳಿದವರೂ ಬರುತ್ತಿದ್ದರು, ಚಿಕ್ಕಮಗಳೂರಿನ ಬಸ್ಸಿಗೆ ಕಾಯುವವರೂ ಬರುತ್ತಿದ್ದರು. ಎಲ್ಲರ ನೋಟೂ ಕೊನೆಗೆ ಬಂದು ಸೇರುವುದು ನನ್ನ ಕೈಗೆ. ಅದುವರೆಗೆ ಬೆರಳನ್ನು ನಾಲಿಗೆಗೆ ಮುಟ್ಟಿಸಿ ನೋಟು ಎಣಿಸುತ್ತಿದ್ದವನು, ಪೇಪರಿನಲ್ಲಿ ಮೂಗಿಗೆ ಬಟ್ಟೆ ಕಟ್ಟಿಕೊಂಡವರ ಫೋಟೋ ನೋಡಿದ ದಿನವೇ ಒಂದು ಒದ್ದೆ ಸ್ಪಂಜು ತಂದಿಟ್ಟುಕೊಂಡೆ. ಎಷ್ಟು ತಡೆದರೂ ಬೆರಳು ಸ್ಪಂಜನ್ನು ಮುಟ್ಟಿ, ಹಳೆಯ ಋಣಕ್ಕೆಂಬಂತೆ ನಾಲಿಗೆಗೂ ಒಮ್ಮೆ ಹೋಗಿ ಬರುತ್ತಿತ್ತು. ಆಮೇಲೆ ಇಡೀ ದಿನ ಗಂಟಲು ಕೆರೆದಂತಾಗುತ್ತಿತ್ತು.

ಹೀಗಿರುವಾಗ ಒಂದು ಬೆಳಿಗ್ಗೆ ದೋಸೆ ಹುಯ್ಯುವ ಗಣಪಣ್ಣ ಕಣ್ಣು ಕೆಂಪಗೆ ಮಾಡಿಕೊಂಡು, ನಡುಗುತ್ತ ಬಂದ. ನಾನು ಎರಡು ಮಾರು ದೂರ ಸರಿದು ನಿಂತು, ಅವನಿಗೆ ರಜೆ ಕೊಡುವಂತೆ ಮಾಲೀಕರಾದ ಸುಬ್ಬರಾಯರಿಗೆ ಹೇಳಿದೆ. ದಯೆ ಸ್ವಲ್ಪ, ಭಯ ಜಾಸ್ತಿ.

“ರಜೆ ಬೇಕಾದ್ರೆ ತಗೊಳ್ಳಲಿ ಮಾರಾಯ, ನಾನು ಬೇಡ ಅಂದ್ನಾ?” ಎಂದರು ರಾಯರು. “ಸಂಬಳ ಮಾತ್ರ ಹಾಜರಿದ್ದವ್ರಿಗೆ. ಅಪ್ಪಯ್ಯನ ಕಾಲದಿಂದ ಇದೇ ರೂಲು.”

ಗಣಪಣ್ಣನ ಹೆಂಡತಿ ತುಂಬು ಬಸುರಿ. ಆ ತಿಂಗಳು ಸಂಬಳ ಕಡಿಮೆಯಾದರೆ ಹೆರಿಗೆಯ ಖರ್ಚಿಗೆ ಅವನು ಯಾರ ಮುಂದಾದರೂ ಕೈಯೊಡ್ಡಬೇಕಿತ್ತು. ಅವನು ಸ್ವಲ್ಪ ಯೋಚಿಸಿ, “ಹಂಗಾದ್ರೆ ಹಾಜರ್ ಇರ್ತೀನಿ ರಾಯರೇ. ಕಾವಲಿ ಮಾತ್ರ ಮುಟ್ಟಲ್ಲ, ಆ ಪಾಪ ನಂಗೆ ಬೇಡ” ಎಂದ. ಮುಖಕ್ಕೆ ಟವೆಲು ಕಟ್ಟಿ, ಕಂಬಳಿ ಹೊದ್ದು, ಬಾಗಿಲ ಪಕ್ಕದ ಬೆಂಚಿನಲ್ಲಿ ಕೂತ.

ಕಾವಲಿಯ ಮುಂದೆ ರಾಯರೇ ನಿಂತರು. ಅವರು ಹುಯ್ದ ಮೊದಲ ದೋಸೆ ಶೃಂಗೇರಿ ತಾಲ್ಲೂಕಿನ ನಕ್ಷೆಯಂತಿತ್ತು. ಎರಡನೆಯದು ನರಸಿಂಹರಾಜಪುರವನ್ನೂ ಸೇರಿಸಿಕೊಂಡಿತು. ತಿನ್ನುವವರಿದ್ದರೆ ತಾನೇ ಚಿಂತೆ. ಜಯಪುರದಿಂದ ಬಂದ ಖಾಯಂ ಗಿರಾಕಿಯೊಬ್ಬರು ಮೆಟ್ಟಿಲ ಮೇಲೆ ಕಾಲಿಟ್ಟರು. ಗಣಪಣ್ಣ ಕೆಮ್ಮಿದ. ಕಾಲು ಹಿಂದೆ ಹೋಯಿತು.

“ಎಂತ ಮಾರಾಯ, ಹುಷಾರಿಲ್ವಾ?”

“ಜ್ವರ ಅಣ್ಣಾ. ಆದ್ರೂ ಡ್ಯೂಟಿ.”

ಅವರು ಎದುರಿನ ಹೋಟೆಲಿಗೆ ಹೋದರು. ಅವರ ಹಿಂದೆ ಬಂದವರೂ ಹೋದರು. ತಿಂಡಿಯ ಹೊತ್ತು ಮುಗಿಯುವಷ್ಟರಲ್ಲಿ ಬೆಂಚುಗಳ ಮೇಲೆ ಗಣಪಣ್ಣ ಒಬ್ಬನೇ ಉಳಿದಿದ್ದ.

“ಒಳಗಾದ್ರೂ ಹೋಗಿ ಕೂತ್ಕೊ” ಎಂದರು ರಾಯರು.

“ಒಳಗೆ ನಿಮ್ಮ ಅಮ್ಮ ತರಕಾರಿ ಹೆಚ್ತಿದ್ದಾರೆ. ವಯಸ್ಸಾದವ್ರು, ಅಲ್ಲಿ ಬೇಡ.”

“ಮನೆಗೆ ಹೋಗು ಹಾಗಾದ್ರೆ.”

“ಹಾಜರಿ ಹೋಗ್ತದೆ.”

ಆಗ ನಾನು ಬಾಯಿ ತೆರೆದೆ. “ರಾಯರೇ, ಅವ ಇಲ್ಲಿ ಕೂತ್ರೆ ಸಂಬಳಾನೂ ಹೋಗ್ತದೆ, ವ್ಯಾಪಾರಾನೂ ಹೋಗ್ತದೆ. ಮನೇಲಿ ಮಲಗಿದ್ರೆ ಸಂಬಳ ಒಂದೇ.” ಹೇಳಿ, ಗಲ್ಲಾಪೆಟ್ಟಿಗೆಯನ್ನು ಅವರ ಕಡೆಗೆ ತೆರೆದು ತೋರಿಸಿದೆ. ರಾಯರು ಬಹಳ ಹೊತ್ತು ಅದರ ತಳ ನೋಡಿದರು.

“ಆಯ್ತು. ಜ್ವರ ಬಿಡೋವರೆಗೆ ಮನೇಲಿದ್ರೂ ಹಾಜರು.”

ಗಣಪಣ್ಣ ಏಳಲಿಲ್ಲ. “ನನಗೊಬ್ಬನಿಗಾ, ಎಲ್ರಿಗಾ?” ಎಂದ.

ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತಿತು.

“ಎಲ್ರಿಗೂ ಮಾರಾಯ. ಒಮ್ಮೆ ಏಳು ನೀನು.”

ಒಳಗೆ ಯಾರೋ ಸೌಟಿನಿಂದ ಕೊಳಗಕ್ಕೆ ಬಡಿದರು, ಮತ್ತೊಬ್ಬರು ತಟ್ಟೆಗೆ. ಆ ಮಂಗಳವಾದ್ಯದ ನಡುವೆ ಗಣಪಣ್ಣ ಕಂಬಳಿಯನ್ನು ಶಾಲಿನಂತೆ ಹೊದ್ದು, ಮದುಮಗನ ಗತ್ತಿನಲ್ಲಿ ಮೆಟ್ಟಿಲಿಳಿದು ಮನೆಗೆ ಹೋದ. ನಾನು ಎದ್ದು ನಿಂತಿದ್ದೆ. ಗಲ್ಲಾ ತೆರೆದಿಟ್ಟು ಎದ್ದದ್ದು ಅದೇ ಮೊದಲು.

“ಸುಳ್ಳು ಜ್ವರ ಬಂದ್ರೆ?” ಎಂದು ರಾಯರು ಕೇಳಿದ್ದಕ್ಕೆ ಉಪಾಯ ಹೇಳಿದವನೂ ನಾನೇ. ಗೆಲುವಿನ ಅಮಲು. ರಾಯರ ತಾಯಿ ಹಣೆ ಮುಟ್ಟಿ ನೋಡಲಿ, ಅವರು ಹೇಳಿದ್ದೇ ಕೊನೆಯ ಮಾತು ಎಂದೆ. ಎಲ್ಲರೂ ಒಪ್ಪಿದರು. ಅಮ್ಮನೂ ಒಪ್ಪಿದರು, ಪ್ರತಿ ಹಣೆಗೂ ಒಂದು ಸಲ ಸೋಪು ಹಾಕಿ ಕೈ ತೊಳೆಯುವ ಷರತ್ತಿನ ಮೇಲೆ.

ರೂಲು ಚೆನ್ನಾಗಿ ನಡೆಯಿತು. ಗಣಪಣ್ಣ ಗುಣವಾಗಿ ಬಂದ, ದೋಸೆಗಳು ಮತ್ತೆ ದುಂಡಗಾದವು, ತಿಂಗಳ ಸಂಬಳ ಪೂರ್ತಿ ಸಿಕ್ಕಿ ಮಗಳೂ ಹುಟ್ಟಿದಳು. ಸಪ್ಲೈ ಮಾಡುವವನೊಬ್ಬ, ಪಾತ್ರೆ ತೊಳೆಯುವ ಲಕ್ಷ್ಮಕ್ಕ, ಇಬ್ಬರೂ ಸಂಬಳ ಸಹಿತ ಜ್ವರದಲ್ಲಿ ಮಲಗಿ ಎದ್ದರು. ಎದುರಿನ ಹೋಟೆಲಿನಲ್ಲೂ ಒಬ್ಬ ಕಂಬಳಿ ಹೊದ್ದು ಬಾಗಿಲಲ್ಲಿ ಕೂತು, ಮಧ್ಯಾಹ್ನದೊಳಗೆ ಗೆದ್ದ. ಇಷ್ಟೆಲ್ಲ ಮಾಡಿಸಿದ ನನಗೆ ಮಾತ್ರ ಒಂದು ಸೀನೂ ಇಲ್ಲ. ಹೆದರುತ್ತಿದ್ದ ಜ್ವರಕ್ಕೆ ಈಗ ಬಸ್ಸಿಗೆ ಕಾಯುವಂತೆ ಕಾಯತೊಡಗಿದೆ.

ಕೊನೆಗೂ ಬಂತು. ಸೋಮವಾರ ಬೆಳಿಗ್ಗೆ ಬಂದು ಸಂಜೆಗೆ ಇಳಿಯಿತು. ಸೋಮವಾರ ನಮ್ಮ ಹೋಟೆಲಿಗೆ ವಾರದ ರಜೆ.

ಮಂಗಳವಾರ ಮಫ್ಲರ್ ಸುತ್ತಿಕೊಂಡು ಅಮ್ಮನ ಮುಂದೆ ನಿಂತೆ. ಅವರು ನನ್ನ ಹಣೆ ಮುಟ್ಟಿದರು, ತಮ್ಮ ಹಣೆ ಮುಟ್ಟಿಕೊಂಡರು. “ನನಗಿಂತ ತಣ್ಣಗಿದ್ದೀಯಲ್ಲೋ ಮಾಣಿ. ಹೋಗು, ಗಲ್ಲಾದಲ್ಲಿ ಕೂತ್ಕೊ.” ನಾನು ಕೆಮ್ಮಿ ನೋಡಿದೆ. ಕಾವಲಿಯ ಕಡೆಯಿಂದ ಗಣಪಣ್ಣನ ದನಿ ಬಂತು: “ಸುಮ್ನಿರಿ ಮಾರಾಯ್ರೆ, ಗಿರಾಕಿ ಓಡಿ ಹೋಗ್ತಾರೆ.”

ಹೋಗಿ ಕೂತೆ. ಮೊದಲ ಗಿರಾಕಿ ಮೂಗು ಒರೆಸಿಕೊಳ್ಳುತ್ತ ನೋಟುಗಳನ್ನು ಚಾಚಿದ. ಎಣಿಸಲು ಹೋದ ಬೆರಳು ಸ್ಪಂಜನ್ನು ದಾಟಿ ನಾಲಿಗೆಯ ಕಡೆ ಹೊರಟಿತು. ಈ ಸಲ ನಾನು ತಡೆಯಲಿಲ್ಲ.