ಹಾಡಿನಿಂದ ಬಿದ್ದುಹೋದ 'ರೀ'

ಕೇಳಿದವರು ಬಿಕ್ಕಿ ಬಿಕ್ಕಿ ಅಳಬೇಕು, ಅತ್ತವರು ಮತ್ತೆ ಕೇಳಬೇಕು, ಅಂಥದೊಂದು ರಾಕ್ ಹಾಡು ಕಟ್ಟದೆ ಈ ಗಡ್ಡ ಬೋಳಿಸುವುದಿಲ್ಲ! ಹೀಗೆಂದು ಆರು ತಿಂಗಳ ಹಿಂದೆ ನಾನು ಭೀಷ್ಮಪ್ರತಿಜ್ಞೆ ಮಾಡಿದೆ. ಮಾಡದೆ ಗತಿಯಿರಲಿಲ್ಲ. ಹದಿನಾಲ್ಕು ವರ್ಷ ಗಂಟಲು ಹರಿದುಕೊಂಡರೂ ನಮ್ಮ ಬ್ಯಾಂಡಿನ ಹೆಸರು ನಮ್ಮ ಬೀದಿಯವರಿಗೇ ಗೊತ್ತಿರಲಿಲ್ಲ. ಗೊತ್ತಿದ್ದ ನಾಲ್ಕು ಜನ ಗಲಾಟೆಯೆಂದು ದೂರು ಕೊಟ್ಟವರು. ಹಾಡಿನ ಕಂಪನಿಯ ಮ್ಯಾನೇಜರ್ ಕೊನೆಯ ಮಾತು ಹೇಳಿಬಿಟ್ಟಿದ್ದ.

"ಒಡೆದ ಹೃದಯದ ಒಂದು ಹಾಡು ಕೊಡಿ ಸಾರ್. ಅದೂ ಓಡಲಿಲ್ಲ ಅಂದ್ರೆ ನಿಮ್ಮ ದಾರಿ ನಿಮಗೆ, ನಮ್ಮ ದಾರಿ ನಮಗೆ."

ತೊಂದರೆ ಒಂದೇ. ನನ್ನ ಹೃದಯ ಗಟ್ಟಿಮುಟ್ಟಾಗಿತ್ತು! ಪ್ರೀತಿಸಿದವಳನ್ನೇ ಮದುವೆಯಾಗಿ ಹನ್ನೊಂದು ವರ್ಷ. ಅವಳು ಮುನಿಸಿಕೊಂಡರೆ ಟೀ ಲೋಟ ಕುಕ್ಕಿ ಇಡುತ್ತಿದ್ದಳೇ ಹೊರತು ಟೀ ಕೊಡದೆ ಇರುತ್ತಿರಲಿಲ್ಲ. ಇಂಥ ಮನೆಯಲ್ಲಿ ವಿರಹ ಎಲ್ಲಿಂದ ತರಲಿ?

"ಲೇ, ನನ್ನ ಹೃದಯ ಒಂಚೂರು ಒಡೆದುಕೊಡೇ," ಎಂದು ಗೋಗರೆದೆ.

"ಮೊದಲು ಅಡುಗೆಮನೆ ನಲ್ಲಿ ರಿಪೇರಿ ಮಾಡಿಸಿ. ಹೃದಯ ಎಲ್ಲಿಗೂ ಓಡಿಹೋಗಲ್ಲ, ನಿಧಾನಕ್ಕೆ ಒಡೆಯೋಣ."

"ಪ್ಲಂಬರಿಗೆ ನಾನೇ ಫೋನ್ ಮಾಡ್ತೀನಿ. ಸಂಜೆ ಬೇಗ ಬರ್ತೀನಿ, ನಿಂತು ಮಾಡಿಸ್ತೀನಿ. ಸರೀನಾ?"

"ಸರಿ," ಎಂದಳು. ಆ 'ಸರಿ'ಯಲ್ಲಿ ಹನ್ನೊಂದು ವರ್ಷದ ಅನುಭವವಿತ್ತು.

ನಮ್ಮ ಬ್ಯಾಂಡು ಸೇರುತ್ತಿದ್ದುದು ಡ್ರಮ್ ಬಾರಿಸುವವನ ಗ್ಯಾರೇಜಿನಲ್ಲಿ. ಅವನಿಗೆ ನಾವಿಟ್ಟ ಹೆಸರು 'ಗುಡುಗು'. ಪ್ರ್ಯಾಕ್ಟೀಸ್ ಮುಗಿಯುವ ತನಕ ಎಲ್ಲರ ಫೋನೂ ಬಂದ್, ಅದು ಅಲ್ಲಿನ ಕಾನೂನು. ಪ್ಲಂಬರು, ಸಂಜೆ, ನಲ್ಲಿ ಎಲ್ಲ ನನಗೆ ಮರೆತೇಹೋಯಿತು. ಹದಿನೈದು ದಿನ ಕಳೆದರೂ ಹಾಡಿನ ಒಂದು ಸಾಲೂ ಹುಟ್ಟಲಿಲ್ಲ. ಒಂದು ಮಧ್ಯಾಹ್ನ ಗಿಟಾರಿನ ತಂತಿ ಹರಿಯಿತು. ಬೇರೆ ತಂತಿ ತರಲು ಮನೆಗೆ ಬಂದು ಬಾಗಿಲಲ್ಲಿ ಬೂಟು ಬಿಚ್ಚುತ್ತಿದ್ದೆ. ಅಡುಗೆಮನೆಯಲ್ಲಿ ಹೆಂಡತಿ ಫೋನಿನಲ್ಲಿ ಹೇಳುತ್ತಿದ್ದಳು.

"ರೀ, ಬರ್ತೀನಿ ಅಂದ್ರಿ, ಬರಲೇ ಇಲ್ಲ. ಎಷ್ಟು ದಿನ ಅಂತ ಕಾಯ್ಲಿ? ಸೋರ್ತಾನೇ ಇದೆ. ಕೈ ಅಡ್ಡ ಇಟ್ರೂ ನಿಲ್ತಿಲ್ಲ. ನನಗಂತೂ ಸಾಕಾಗಿಹೋಗಿದೆ."

ಓಹೋ, ನಾನು ಮರೆತ ಪ್ಲಂಬರನ್ನು ಇವಳೇ ಹಿಡಿದು ಜಾಡಿಸುತ್ತಿದ್ದಾಳೆ ಎಂದುಕೊಂಡೆ. ಮರುಕ್ಷಣ ಮೈ ಜುಮ್ಮೆಂದಿತು. ಇದು ದೂರಲ್ಲ, ಹಾಡು! ಕರೆಂಟ್ ಬಿಲ್ಲಿನ ಬೆನ್ನ ಮೇಲೆ ಗೀಚಿಕೊಂಡೆ. ತಂತಿ ಮರೆತೆ, ಒಳಗೆ ಇಣುಕಲೂ ಇಲ್ಲ, ಬಿಚ್ಚಿದ ಬೂಟು ಮತ್ತೆ ಏರಿಸಿಕೊಂಡು ಗ್ಯಾರೇಜಿಗೆ ಓಡಿದೆ.

"ಸಾಲು ಚಿಂದಿ ಮಗಾ!" ಎಂದ ಗುಡುಗು. "ಆದ್ರೆ ಶುರುವಲ್ಲೇ ಈ 'ರೀ' ಯಾಕೆ? ಬಸ್ಸಲ್ಲಿ ಕಂಡಕ್ಟರನ್ನ ಕರೆದ ಹಾಗಿದೆ."

"ಕಿತ್ತುಹಾಕು!" ಎಂದೆ. 'ರೀ' ಹೋಯಿತು. 'ಅಂದ್ರಿ' ಇದ್ದದ್ದು 'ಅಂದೆ' ಆಯಿತು. ಸೋರುವ ನಲ್ಲಿಯ ಜಾಗಕ್ಕೆ ಸೋರುವ ಕಣ್ಣು ಬಂತು. 'ಬರ್ತೀನಿ ಅಂದೆ, ಬರಲೇ ಇಲ್ಲ' ಎಂದು ನಾನು ಕಿರುಚಿದಾಗ ಗುಡುಗು ಡ್ರಮ್ಮಿನ ಮೇಲೆ ತಲೆಯಿಟ್ಟು ಅತ್ತ.

ಹಾಡು ಹಿಟ್ಟಾಯಿತು! ಆಮೇಲೆ ನಾನೂ ಹಿಟ್ಟಾದೆ, ಆದರೆ ಅದು ಬೇರೆ ಬಗೆಯ ಹಿಟ್ಟು. ಬಸ್ಸಿನಲ್ಲಿ ಅದೇ ಹಾಡು, ಕ್ಷೌರದಂಗಡಿಯಲ್ಲಿ ಅದೇ, ದಂತವೈದ್ಯರ ಕುರ್ಚಿಯಲ್ಲಿ ಬಾಯಿ ತೆರೆದು ಮಲಗಿದರೂ ಅದೇ. ರೇಡಿಯೋದವರು ಕರೆದು ಕೂರಿಸಿದರು.

"ಯಾರು ಸಾರ್, ಆ ಬರದೇ ಹೋದವಳು?" ಎಂದು ಕೇಳಿದಳು ನಿರೂಪಕಿ.

ಪ್ಲಂಬರ್ ಎನ್ನಲಾದೀತೇ! "ಇದ್ದಳು ಒಬ್ಬಳು. ಹೆಸರು ಬೇಡ. ಇವತ್ತಿಗೂ ಅವಳ ದಾರಿ ಕಾಯ್ತಿದೀನಿ," ಎಂದು ಮೈಕಿಗೆ ಒಂದು ನಿಟ್ಟುಸಿರು ಬಿಟ್ಟೆ.

ಮನೆಗೆ ಬಂದರೆ ಹೆಂಡತಿ ರೇಡಿಯೋ ಪಕ್ಕ ನಿಂತಿದ್ದಳು. ನಲ್ಲಿಯ ಕೆಳಗೆ ಬಕೆಟ್ಟಿತ್ತು. ಆ ಬಕೆಟ್ಟನ್ನು ನಾನು ದಿನಾ ನೋಡುತ್ತಿದ್ದೆ, ಅಡುಗೆಮನೆಯ ಸಾಮಾನೆಂದೇ ಒಪ್ಪಿಕೊಂಡಿದ್ದೆ.

"ಅಯ್ಯೋ, ಅಂಥ ಯಾವಳೂ ಇಲ್ಲ ಕಣೇ, ನಿನ್ನಾಣೆ! ಅವತ್ತು ನೀನು ಪ್ಲಂಬರಿಗೆ ಬೈತಿದ್ದೆಯಲ್ಲ, ಅದನ್ನೇ ಬರಕೊಂಡೆ!"

"ಯಾವ ಪ್ಲಂಬರು?"

"ಅದೇ, ಬರ್ತೀನಿ ಅಂತ ಬರದೆ ಇದ್ದನಲ್ಲ..."

"ಬರ್ತೀನಿ ಅಂದಿದ್ದು ನೀವು," ಎಂದಳು. "ಪ್ಲಂಬರ್ ಆಗಿದ್ರೆ ಅಣ್ಣಾ ಅಂತಿದ್ದೆ. 'ರೀ' ಅಂತ ನಾನು ಕರೆಯೋದು ಯಾರನ್ನ? ಫೋನ್ ತೆಗೀರಿ."

ತೆಗೆದೆ. ಅವಳು ಕಳಿಸಿದ ವಾಯ್ಸ್ ಮೆಸೇಜು ಮೂವತ್ತೊಂದು. ಹೆಂಡತಿಯದೇ ತಾನೆ, ಮನೆಗೆ ಹೋದರೆ ಹೇಗೂ ಹೇಳುತ್ತಾಳೆ ಎಂದು ಒಂದನ್ನೂ ತೆರೆದಿರಲಿಲ್ಲ. ಅವತ್ತಿನದನ್ನು ಒತ್ತಿದೆ. 'ರೀ, ಬರ್ತೀನಿ ಅಂದ್ರಿ...' ಗಿಟಾರಿಲ್ಲ, ಗುಡುಗಿಲ್ಲ, ಹಿಂದೆ ನಲ್ಲಿಯ ತೊಟಕ್ ತೊಟಕ್. ನನ್ನ ಹಾಡಿಗಿಂತ ಸಾವಿರ ಪಾಲು ಚೆನ್ನಾಗಿತ್ತು. ಕೇಳಿ ನನಗೇ ಅಳು ಬಂತು.

"ಬೇರೆ ಯಾರನ್ನಾದ್ರೂ ಕರೆಸಬಹುದಿತ್ತಲ್ಲೇ..."

"ಕರೆಸಬಹುದಿತ್ತು. ನನಗೆ ಬೇಕಾಗಿದ್ದದ್ದು ನೀವು ಬರೋದು. ಊರೆಲ್ಲ ನನ್ನ ಮಾತು ಕೇಳಿಸ್ಕೊಂಡು ಅಳ್ತಿದೆ, ನೀವೊಬ್ಬರು ಕೇಳಿಸ್ಕೊಳ್ಳಲಿಲ್ಲ."

ಬ್ಯಾಗು ತುಂಬಿಕೊಂಡು ಅಕ್ಕನ ಮನೆಗೆ ಹೊರಟಳು. ಹೊಸ್ತಿಲು ದಾಟುವಾಗ ಯಾರೇ ಆದರೂ 'ಬರ್ತೀನಿ' ಅನ್ನುತ್ತಾರೆ. ಅವಳು 'ಹೋಗ್ತೀನಿ' ಎಂದಳು.

ಮರುದಿನ ನಲ್ಲಿ ಬಿಚ್ಚಿದೆ. ಸವೆದ ಒಂದು ವಾಷರು, ಹತ್ತು ನಿಮಿಷದ ಕೆಲಸ! ಮ್ಯಾನೇಜರ್ ಎರಡನೇ ಹಾಡಿಗೆ ಪೀಡಿಸುತ್ತಿದ್ದಾನೆ. ಈಗ ಹೃದಯವೇನೋ ನಿಜವಾಗಿ ನುಚ್ಚುನೂರಾಗಿದೆ, ಆದರೆ ಒಂಬತ್ತು ದಿನದಿಂದ ಒಂದಕ್ಷರ ಹೊಳೆದಿಲ್ಲ. ಹೊಳೆಯುವುದೆಲ್ಲಿಂದ, ಮಾತು ಅವಳದ್ದಾಗಿತ್ತಲ್ಲ! ನನಗೆ ಹಾಡು ಬೇಡ, ಹೆಂಡತಿ ಬೇಕು. ಇವತ್ತು ಬೆಳಿಗ್ಗೆ ಧೈರ್ಯ ಮಾಡಿ ಫೋನಾಯಿಸಿದೆ. ನನ್ನ ಪುಣ್ಯ, ಎತ್ತಿದಳು.

"ನಲ್ಲಿ ಸರಿಹೋಯ್ತು ಕಣೇ! ಮೂವತ್ತೊಂದೂ ಕೇಳಿದೆ, ಎರಡೆರಡು ಸಲ ಕೇಳಿದೆ. ಕರಕೊಂಡು ಹೋಗೋಕೆ ಸಂಜೆ ನಾನೇ ಬರ್ತೀನಿ..."

ಅಂದವನೇ ನಾಲಿಗೆ ಕಚ್ಚಿಕೊಂಡೆ. ಅವಳು ತುಂಬ ಮರ್ಯಾದೆಯಿಂದ ಹೇಳಿದಳು.

"ರಾಂಗ್ ನಂಬರ್, ಅಣ್ಣಾ."