ಥಿಮಿಯೋನ ಪಿಟೀಲು ಬಿಕ್ಕಿದ ದಿನ

ಮಗಳು ದಫೀನಾಳ ಮದುವೆಯಲ್ಲಿ ಪಿಟೀಲು ನುಡಿಸುವವನು ತಾನೇ ಎಂದು ಥಿಮಿಯೋ ಘೋಷಿಸಿದ್ದು ಅಲ್ಬೇನಿಯಾದ ಪೆರ್ಮೆತ್ ಪೇಟೆಯ ಕಾಫಿ ಅಂಗಡಿಯಲ್ಲಿ, ಅದೂ ಬೀಗರ ಎದುರಿಗೆ! ಬೀಗರೋ ಕ್ಲಾರಿನೆಟ್ ಊದುವುದರಲ್ಲಿ ಎತ್ತಿದ ಕೈ.

"ಆವತ್ತು ನಿಮ್ಮ ಕ್ಲಾರಿನೆಟ್ ಪೆಟ್ಟಿಗೇಲೇ ಮಲಗಿರ್ಲಿ ಬೀಗರೇ! ಮದುಮಗಳನ್ನ ಕಳಿಸೋವಾಗ ನಮ್ಮತ್ತೆ ಒಂದು ಹಾಡು ಹೇಳ್ತಾರಲ್ಲ, ಅದನ್ನ ನನ್ನ ಪಿಟೀಲು ಹಾಡುತ್ತೆ. ನೀವು ಕರವಸ್ತ್ರ ತನ್ನಿ, ಸಾಕು!"

ಹೊಟ್ಟೆಯಲ್ಲಿದ್ದ ರಾಕಿ ಸಾರಾಯಿ ಆಡಿಸಿದ ಮಾತು. ಆದರೆ ಬೀಗರು ಕೈ ಕುಲುಕಿಬಿಟ್ಟರು. ಇನ್ನು ಹಿಂದೆ ಸರಿದರೆ ಹೆಣ್ಣಿನ ಕಡೆಯವರ ಮಾನ ಹೋದಂತೆ!

ಹೆಂಡತಿ ಉರಾನಿ ಸುದ್ದಿ ಕೇಳಿ ಕೈಯಲ್ಲಿದ್ದ ಹಿಟ್ಟನ್ನು ತಟ್ಟೆಗೆ ಕುಕ್ಕಿದಳು. "ನುಡಿಸ್ತೀಯೋ, ಕುಯ್ತೀಯೋ?"

"ಶಾಲೇಲಿ ಪಿಟೀಲು ಕಲ್ತಿದ್ದೆ ಕಣೇ!"

"ಶಾಲೇಲಿ ಲೆಕ್ಕಾನೂ ಕಲ್ತಿದ್ದೆ. ಮೊನ್ನೆ ಕುರ್ಚಿ ಬಾಡಿಗೆಗೆ ತಗೊಳ್ಳೋವಾಗ ನೋಡಿದ್ನಲ್ಲ!"

ಥಿಮಿಯೋ ನೇರವಾಗಿ ಅತ್ತೆ ವಾಸಿಲಿಕಿಯ ಪಾದಕ್ಕೆ ಶರಣಾದ. ಮುದುಕಿ ಸೊಪ್ಪು ಬಿಡಿಸುತ್ತಲೇ ಹಾಡಿ ತೋರಿಸಿದಳು. ಅವನು ಕಮಾನು ಎಳೆದ. ಮನೆಯ ಬೆಕ್ಕು ಕಿಟಕಿಯಿಂದ ಹಾರಿತು.

"ಸ್ವರ ಇದೆ, ಬಿಕ್ಕು ಇಲ್ಲ ಅಳಿಯ," ಎಂದಳು ಅತ್ತೆ. "ಗಂಟಲಲ್ಲಿ ಒಂದು ಕಡೆ ದನಿ ಒಡೀಬೇಕು. ಅಲ್ಲೇ ಇರೋದು ಹಾಡು."

ಅಂದಿನಿಂದ ಬಿಕ್ಕಿನ ಬೇಟೆ ಶುರುವಾಯಿತು! ಪಿಟೀಲು ಬಿಕ್ಕುವುದೊಂದನ್ನು ಬಿಟ್ಟು ಎಲ್ಲವನ್ನೂ ಮಾಡಿತು: ಸೀನಿತು, ಕೆಮ್ಮಿತು, ಬಾಗಿಲಿನ ತಿರುಗಣಿಯಂತೆ ಕಿರುಗುಟ್ಟಿತು. ಅಷ್ಟರಲ್ಲಿ ಅತ್ತೆಗೆ ನೆಗಡಿ ಹತ್ತಿ, ದನಿ ಕಟ್ಟಿ, ಅವಳು ಕಂಬಳಿ ಹೊದ್ದು ಮಲಗಿದಳು. ಉರಾನಿ ಸಂತೆಗೆ ಹೋಗಿದ್ದ ಬೆಳಗ್ಗೆ ಥಿಮಿಯೋ ಕಿಟಕಿ ತೆರೆದಿಟ್ಟು ಕಮಾನು ಹಿಡಿದ. ಅರೆ! ಬಂತು! ತಂತಿಯ ದನಿ ಒಮ್ಮೆ ಒಡೆದು, ಸಣ್ಣಗೆ ನಡುಗಿ, ಬಿಕ್ಕಿತು! ಸಂತೋಷಕ್ಕೆ ಅವನ ಕಣ್ಣಲ್ಲಿ ಧಾರಾಕಾರ ನೀರು. ಮತ್ತೆ ನುಡಿಸಿದ, ಮತ್ತೂ ನುಡಿಸಿದ.

ಬಾಗಿಲು ಬಡಿದ ಸದ್ದಾಯಿತು. ತೆರೆದರೆ ಪಕ್ಕದ ಮನೆಯ ಪಂದೇಲಿ, ಕಪ್ಪು ಕೋಟು ತೊಟ್ಟು ನಿಂತಿದ್ದಾನೆ. ಹಿಂದೆ ಅವನ ಹೆಂಡತಿ ಲೆಫ್ಕಿ, ಸಾವಿನ ಮನೆಗೆ ಒಯ್ಯುವ ಕಾಫಿಪುಡಿ, ಸಕ್ಕರೆ ಹಿಡಿದುಕೊಂಡು.

"ಕೇಳಿಸ್ತು ಥಿಮಿಯೋ. ಕೇಳಿದ ಕೂಡಲೇ ಓಡಿ ಬಂದ್ವಿ," ಎಂದ ಪಂದೇಲಿ, ತಲೆ ತಗ್ಗಿಸಿ.

ತನ್ನ ಕಲೆಗೆ ಸಂದ ಗೌರವವೆಂದೇ ತಿಳಿದ ಥಿಮಿಯೋ ಅವನನ್ನು ಬಾಚಿ ತಬ್ಬಿಕೊಂಡ. "ಎಷ್ಟು ದಿನದಿಂದ ಕಾಯ್ತಿದ್ದೆ ಮಾರಾಯ! ಅಂತೂ ಇವತ್ತು ಆಯ್ತು!"

ಪಂದೇಲಿ ಒಂದು ಹೆಜ್ಜೆ ಹಿಂದೆ ಸರಿದ. "ಬಹಳ... ಕಷ್ಟ ಆಯ್ತಾ?"

"ಕತ್ತು ಸ್ವಲ್ಪ ಬಿಗಿಯಾಗಿ ಹಿಡೀಬೇಕಾಯ್ತು. ಒಂದೇ ಒಂದು ಬಿಕ್ಕು ಬಂತು ನೋಡು, ಆಹಾ!"

ಲೆಫ್ಕಿಯ ಕೈಯಿಂದ ಸಕ್ಕರೆ ಜಾರಿ ಹೊಸಿಲ ತುಂಬ ಚೆಲ್ಲಿತು. "ಅಯ್ಯೋ ಕೊಲೆಗಡುಕ! ಅತ್ತೆ ಅಂದ್ರೆ ಹೆತ್ತ ತಾಯಿ ಇದ್ದ ಹಾಗಲ್ವೇನೋ!"

ಅವಳ ಕೂಗಿಗೆ ಬೀದಿಯೇ ಬಂದು ನೆರೆಯಿತು. ಅದೇ ಹೊತ್ತಿಗೆ ಒಳಬಾಗಿಲು ತೆರೆದು, ಕಂಬಳಿ ಹೊದ್ದ ವಾಸಿಲಿಕಿ ಹೊರಬಂದಳು. "ಯಾರು ಸತ್ರು?" ಎಂದು ಗೊಗ್ಗರು ದನಿಯಲ್ಲಿ ಕೇಳಿದಳು.

ಪಂದೇಲಿ ಶಿಲುಬೆಯ ಗುರುತು ಮಾಡಿಕೊಂಡ. "ನೀವೇ ಅಜ್ಜಿ!"

ಮುದುಕಿ ಕಾಫಿಪುಡಿಯ ಪೊಟ್ಟಣವನ್ನೆತ್ತಿ ಮೂಸಿದಳು. "ನನ್ನ ಸಾವಿಗೆ ಈ ಅಗ್ಗದ ಪುಡಿನಾ?"

ಇಷ್ಟರಲ್ಲಿ ಉರಾನಿಯೂ ಬಂದಳು. ಸಂತೆಯಲ್ಲಿ ಯಾರೋ ಸುದ್ದಿ ಮುಟ್ಟಿಸಿದ್ದರು. ಒಂದೇ ಕಾಲಿನಲ್ಲಿ ಚಪ್ಪಲಿ, ಕೆದರಿದ ತಲೆ. ತಾಯಿಯನ್ನು ನೋಡಿದವಳೇ ಅಲ್ಲೇ ಕುಸಿದು, ಅವಳ ಕಂಬಳಿಯಲ್ಲಿ ಮುಖ ಹುದುಗಿಸಿ ಅತ್ತಳು. ಯಾರೂ ನಗಲಿಲ್ಲ. ಥಿಮಿಯೋನೂ ಕಣ್ಣೊರೆಸಿಕೊಂಡ. ಆದರೂ ಸುಮ್ಮನಿರಬೇಕಲ್ಲ!

"ಆದ್ರೂ ಉರಾನಿ, ಬೀದಿಗೆ ಬೀದಿಯೇ ನಂಬೋ ಹಾಗೆ ನುಡಿಸಿದೀನಿ ಅಂದ್ರೆ..."

"ಅಳಿಯ," ಎಂದಳು ಅತ್ತೆ, "ಇದು ಮಗಳನ್ನ ಗಂಡನ ಮನೆಗೆ ಕಳಿಸೋ ಹಾಡು. ನೀನು ನನ್ನನ್ನ ಸ್ಮಶಾನಕ್ಕೆ ಕಳಿಸಿದೆ!"

ಆಮೇಲೆ ಮಗಳ ತಲೆ ಸವರುತ್ತ, ಕಟ್ಟಿದ ದನಿಯಲ್ಲೇ ತಾನೇ ಹಾಡು ಎತ್ತಿದಳು. ಬಂದವರೆಲ್ಲ ಊರಿನ ರೂಢಿಯಂತೆ "ಏ..." ಎಂದು ಶ್ರುತಿ ಹಿಡಿದರು. ಆ ದನಿ ಒಡೆದ ಕಡೆ ಥಿಮಿಯೋಗೆ ತನ್ನ ದಫೀನಾ ಹೊಸಿಲು ದಾಟುವುದು ಕಣ್ಣಿಗೆ ಕಟ್ಟಿತು. ಪಿಟೀಲನ್ನು ಮೆಲ್ಲಗೆ ಬೆನ್ನ ಹಿಂದೆ ಮರೆಮಾಡಿದ.

"ಬಚ್ಚಿಡ್ಬೇಡ," ಎಂದಳು ಅತ್ತೆ. "ಮದುವೇಲಿ ನಾನು ಹಾಡ್ತೀನಿ. ನಿಮ್ಮ ಬೀಗರು ಕ್ಲಾರಿನೆಟ್ಟಲ್ಲಿ ಉತ್ತರ ಕೊಡ್ಲಿ. ನೀನು ಒಂದು ತಂತಿ ಹಿಡ್ಕೊಂಡು ಶ್ರುತಿ ಕೊಡು. ಒಂದೇ ಸ್ವರ. ಬೆರಳು ಅಲ್ಲಾಡಿಸ್ಬೇಡ!"

ಮದುವೆ ಭರ್ಜರಿಯಾಗಿ ನಡೆಯಿತು. ಮದುಮಗಳಾದಿಯಾಗಿ ಎಲ್ಲರೂ ಅತ್ತರು. ಊಟಕ್ಕೆ ಕುಳಿತಾಗ ಬೀಗರು ಉದಾರವಾಗಿ ಲೋಟ ಎತ್ತಿ ಹೇಳಿದರು: "ನಮ್ಮ ಥಿಮಿಯೋ ಒಂದೂ ತಪ್ಪಿಲ್ಲದೆ ನುಡಿಸಿದ್ರು!"

ಥಿಮಿಯೋ ಎದೆಯುಬ್ಬಿಸಿದ.

"ಇದ್ದದ್ದು ಒಂದೇ ಸ್ವರ ಅಲ್ವಾ, ತಪ್ಪೋಕೆ ಜಾಗ ಎಲ್ಲಿ?" ಎಂದಳು ಉರಾನಿ.

ಅತ್ತೆ ಬಾಯಲ್ಲಿದ್ದ ತುತ್ತನ್ನು ನಿಧಾನವಾಗಿ ನುಂಗಿ ಹೇಳಿದಳು: "ಪಾಪ, ಹಾಗನ್ಬೇಡ. ಅದರಲ್ಲೂ ಜಾಗ ಮಾಡ್ಕೊಂಡು ತಪ್ಪಿದಾನೆ!"