ರುಚಿಗೆ ತಕ್ಕಷ್ಟು, ಆದರೆ ಯಾರ ರುಚಿಗೆ?

‘ಚಿಟಿಕೆ ಹೊಡೆಯುವಷ್ಟರಲ್ಲಿ ಅಡುಗೆ’ ಅಂಕಣದ ಕರ್ತೃಗಳಾದ ತಮ್ಮ ಸನ್ನಿಧಾನಕ್ಕೆ,

ಮಾನ್ಯರೇ,

ತಮಗೂ, ತಮ್ಮ ಒಲೆಗೂ, ತಮ್ಮ ವಾರಪತ್ರಿಕೆಯ ಬಣ್ಣದ ಪುಟಗಳಿಗೂ ನನ್ನ ಅನಂತ ನಮಸ್ಕಾರಗಳು. ತಾವು ಕ್ಷೇಮವಾಗಿದ್ದೀರೆಂದು ನಂಬಿದ್ದೇನೆ; ತಾವು ಬರೆದದ್ದನ್ನು ತಾವೇ ತಿನ್ನುವ ಪ್ರಸಂಗ ಈವರೆಗೆ ಬಂದಿರಲಾರದಾದ್ದರಿಂದ ಆ ನಂಬಿಕೆಗೆ ಬಲವಾದ ಆಧಾರವೂ ಇದೆ. ಕಳೆದ ಸಂಚಿಕೆಯಲ್ಲಿ ತಾವು ಕರುಣಿಸಿದ ‘ತಾಜಾ ಟೊಮೆಟೊ ಮತ್ತು ಹಸಿರೆಲೆಗಳ ಸರಳ ಇಟಾಲಿಯನ್ ಪಾಸ್ತಾ’ವನ್ನು ಮನೆಯಲ್ಲಿ ಪ್ರಯೋಗಿಸಿ ನೋಡಿದ ಬಳಿಕ, ಒಬ್ಬ ಓದುಗನಾಗಿ, ಒಬ್ಬ ಗಂಡನಾಗಿ, ಎಲ್ಲಕ್ಕಿಂತ ಮಿಗಿಲಾಗಿ ತೂಕ ಮತ್ತು ಅಳತೆ ಇಲಾಖೆಯ ಪರಿವೀಕ್ಷಕನಾಗಿ, ತಮಗೆ ನಾಲ್ಕು ಜನ ಓದುವ ಹಾಗೆಯೇ ಬರೆಯುವುದು ನನ್ನ ಕರ್ತವ್ಯವೆಂದು ಭಾವಿಸಿದ್ದೇನೆ.

ಅಂಗಡಿ ಅಂಗಡಿಗೆ ಹೋಗಿ ತಕ್ಕಡಿಗಳನ್ನು ಪರೀಕ್ಷಿಸುವುದು, ತೂಕದ ಕಲ್ಲುಗಳಿಗೆ ಮುದ್ರೆ ಒತ್ತುವುದು, ಕಲ್ಲಿನ ತಳ ಕೊರೆದ ಪುಣ್ಯಾತ್ಮರಿಗೆ ನೋಟಿಸು ಕೊಡುವುದು ನನ್ನ ಕಸುಬು. ನಾನು ಬೀದಿಯ ತಿರುವಿನಲ್ಲಿ ಕಾಣಿಸಿಕೊಂಡರೆ ಸಾಕು, ಇಡೀ ಬೀದಿಯ ತಕ್ಕಡಿಗಳು ಒಮ್ಮೆಲೇ ಸತ್ಯ ನುಡಿಯತೊಡಗುತ್ತವೆ. ಇಂಥ ನಾನು ಮದುವೆಯಾದಾಗಿನಿಂದಲೂ ಒಂದೇ ಒಂದು ಅಳತೆಗೂ ಮುದ್ರೆಯಿಲ್ಲದ ಅಡುಗೆಮನೆಯಲ್ಲಿ ಉಂಡು ಸುಖವಾಗಿದ್ದೆ ಎಂದರೆ ತಮಗೆ ಆಶ್ಚರ್ಯವಾದೀತು. ನನ್ನ ಹೆಂಡತಿ ಉಪ್ಪನ್ನು ಬೆರಳ ತುದಿಯಲ್ಲಿ ತೆಗೆದು, ಪಾತ್ರೆಯ ಕಡೆ ನೋಡದೆ, ಬಟ್ಟೆ ಹೊಲಿಸಲು ಬಂದವರೊಡನೆ ಬಾಗಿಲಿಗೆ ಮುಖ ಮಾಡಿ ಮಾತಾಡುತ್ತಲೇ ಹಾಕುತ್ತಿದ್ದಳು, ಅದು ಹೆಚ್ಚಾದದ್ದಿಲ್ಲ, ಕಡಿಮೆಯಾದದ್ದೂ ಇಲ್ಲ. ಇಲಾಖೆಯ ಮುದ್ರೆಯಿಲ್ಲದೆಯೂ ನಾನು ನಂಬಿದ ಅಳತೆ ಅದೊಂದೇ.

ಈಚೆಗೆ ಅವಳಿಗೆ ಬಂದ ಒಂದು ಜ್ವರ, ಬಿಟ್ಟು ಹೋಗುವಾಗ ಬರಿಗೈಯಲ್ಲಿ ಹೋಗಲು ನಾಚಿಕೊಂಡು ಅವಳ ನಾಲಿಗೆಯ ರುಚಿಯನ್ನೂ ಮೂಗಿನ ವಾಸನೆ ಹಿಡಿಯುವ ಶಕ್ತಿಯನ್ನೂ ಕಟ್ಟಿಕೊಂಡು ಹೋಯಿತು. ವೈದ್ಯರು “ವಾಪಸ್ ಬರುತ್ತೆ, ಬರದೇನೂ ಇರಬಹುದು, ಸ್ವಲ್ಪ ದಿನ ನೋಡೋಣ” ಎಂದರು. ಆ ‘ಸ್ವಲ್ಪ’ ತಮ್ಮ ಅಂಕಣದಲ್ಲಿ ಬರುವ ‘ಸ್ವಲ್ಪ’ದ ಒಡಹುಟ್ಟೇ ಇರಬೇಕೆಂದು ನನಗೆ ಈಗ ಅನಿಸುತ್ತಿದೆ. ಅವಳು ಕೈಯ ನೆನಪಿನ ಮೇಲೆಯೇ ಅಡುಗೆ ಮುಂದುವರಿಸಿದಳು. ಒಂದು ದಿನ ಉಪ್ಪು ಎರಡು ಸಲ ಬೀಳುತ್ತಿತ್ತು, ಮರುದಿನ ದಾರಿಯನ್ನೇ ಮರೆಯುತ್ತಿತ್ತು, ನಾನು ಎರಡಕ್ಕೂ ತಲೆಯಾಡಿಸಿ “ಚೆನ್ನಾಗಿದೆ” ಎನ್ನುತ್ತಿದ್ದೆ. ಹೀಗಿರುವಾಗ ಒಂದು ಮಧ್ಯಾಹ್ನ ಅವಳು “ಹೇಗಿದೆ ರೀ?” ಎಂದು ಕೇಳಿದಳು, ನಾನು “ಹದವಾಗಿದೆ” ಎಂದೆ, ಅವಳು ನನ್ನನ್ನೇ ನೋಡುತ್ತ “ಇವತ್ತು ನಾನು ಉಪ್ಪೇ ಹಾಕಿಲ್ಲ” ಎಂದಳು.

ನಮ್ಮ ಇಲಾಖೆಯಲ್ಲಿ ಇದನ್ನು ಗಿರಾಕಿಯ ವೇಷದ ತಪಾಸಣೆ ಎನ್ನುತ್ತೇವೆ. ನಾನೇ ಎಷ್ಟೋ ವ್ಯಾಪಾರಿಗಳನ್ನು ಹೀಗೆ ಹಿಡಿದಿದ್ದೇನಾದರೂ ಹಿಡಿಸಿಕೊಂಡದ್ದು ಅದೇ ಮೊದಲು. “ಊರಿನ ತಕ್ಕಡಿಯೆಲ್ಲ ಹಿಡಿಯೋರು ನೀವು, ನಿಮ್ಮ ನಾಲಿಗೇನೇ ಸುಳ್ಳು ತೂಗಿದ್ರೆ ನಾನು ಇನ್ಯಾರನ್ನ ಕೇಳ್ಲಿ?” ಎಂದು ತಟ್ಟೆ ಎತ್ತಿಕೊಂಡು ಎದ್ದವಳು ಮತ್ತೆ ಒಲೆಯ ಮುಂದೆ ನಿಲ್ಲಲಿಲ್ಲ. ನಿಲ್ಲದಿದ್ದರೆ ಹೋಗಲಿ, ತಿನ್ನುವುದನ್ನೂ ಬಿಡುತ್ತ ಬಂದಳು. ಒಂದು ಚೂರು ಬ್ರೆಡ್ಡು, ಅರ್ಧ ಲೋಟ ಹಾಲು, ಅಷ್ಟೇ. ಏನು ಕೊಟ್ಟರೂ ಮೊದಲು ಅದು ಹೇಗಿರುತ್ತಿತ್ತು ಎಂಬುದು ನೆನಪಾಗಿ ಮುಖ ತಿರುಗಿಸುತ್ತಿದ್ದಳು. ಹೊಲಿಗೆಯಂತ್ರದ ಮೇಲಿಟ್ಟ ಅವಳ ಕೈ ಸೊರಗಿ, ಉಂಗುರ ಜಾರಿ ಬಟ್ಟೆಯ ಮಡಿಕೆಯೊಳಗೆ ಬಿದ್ದ ದಿನ ನನಗೆ ನಿಜಕ್ಕೂ ಭಯವಾಯಿತು.

ತಮ್ಮ ಪಾಕವಿಧಾನ ನಮ್ಮ ಮನೆಗೆ ಬಂದದ್ದು ಇಂಥ ಹೊತ್ತಿನಲ್ಲಿ. ಅವಳು ಆ ಪುಟವನ್ನು ನನ್ನ ಮುಂದೆ ಇಟ್ಟು, “ಇದನ್ನ ನಾವು ಯಾವತ್ತೂ ತಿಂದಿಲ್ಲ ಅಲ್ವಾ? ಇದನ್ನ ಮಾಡಿ. ಇದು ಹೇಗಿರ್ಬೇಕು ಅಂತ ನಂಗೆ ಗೊತ್ತೇ ಇಲ್ಲ, ಹಾಗಾಗಿ ಬೇಜಾರೂ ಆಗಲ್ಲ. ಆದ್ರೆ ಉಪ್ಪಿನ ವಿಷಯ ಮಾತ್ರ ನಿಜ ಹೇಳ್ಬೇಕು” ಎಂದಳು. ಚಹಾ ಬಿಟ್ಟು ಬೇರೇನನ್ನೂ ಕುದಿಸಿ ಗೊತ್ತಿಲ್ಲದ ನಾನು, ‘ಸರಳ’ ಎಂಬ ತಮ್ಮ ಮಾತನ್ನು ನಂಬಿ ಚೀಲ ಹಿಡಿದು ಹೊರಟೆ.

ತಾವು ‘ಮಧ್ಯಮ ಗಾತ್ರದ, ಚೆನ್ನಾಗಿ ಮಾಗಿದ ಟೊಮೆಟೊ’ ಎಂದು ಅಪ್ಪಣೆ ಕೊಡಿಸಿದ್ದಿರಿ. ಯಾವ ಗಾತ್ರಕ್ಕೂ ಯಾವ ಗಾತ್ರಕ್ಕೂ ನಡುವಿನ ಮಧ್ಯಮ ಎಂಬುದನ್ನು ತಿಳಿಸದೆ ಓದುಗರ ಬುದ್ಧಿಯನ್ನು ಹರಿತಗೊಳಿಸುವ ತಮ್ಮ ಕಾಳಜಿ ದೊಡ್ಡದು. ನಾನು ಟೊಮೆಟೊಗಳನ್ನು ಸಾಲಾಗಿ ಜೋಡಿಸಿ ಹೋಲಿಸತೊಡಗಿದ್ದೇ ತಡ, ತರಕಾರಿಯಾಕೆ ಬೆವೆತು, “ಸಾರ್, ತಕ್ಕಡಿ ಸರಿಯಾಗೇ ಇದೆ ಸಾರ್, ಮೊನ್ನೆ ನೀವೇ ಮುದ್ರೆ ಹಾಕಿದ್ದು” ಎಂದು ಅಂಗಲಾಚಿದಳು. ಮನೆಗೆ ಟೊಮೆಟೊ ಬೇಕೆಂದು ನಾನು ಎಷ್ಟು ಹೇಳಿದರೂ ಆಕೆ ನಂಬಲಿಲ್ಲ. ‘ಒಂದು ಹಿಡಿ ಬೇಸಿಲ್’, ಅಂದರೆ ಕಾಮಕಸ್ತೂರಿ, ಕೇಳಿದಾಗಲಂತೂ, ಯಾರ ಹಿಡಿ ಎಂಬ ವಿಚಾರದಲ್ಲಿ ನಮ್ಮಿಬ್ಬರಿಗೂ ಒಮ್ಮತ ಬರದೆ, ಕೊನೆಗೆ ಆಕೆ ಆ ಕಾಮಕಸ್ತೂರಿಯ ಕಂತೆಯನ್ನೇ ಚೀಲಕ್ಕೆ ತುರುಕಿ ಕೈಮುಗಿದಳು. ಆದ್ದರಿಂದ ತಾವು ಬಿಡುವು ಮಾಡಿಕೊಂಡು ತಮ್ಮ ಬಲಗೈಯನ್ನು ನಮ್ಮ ಕಚೇರಿಗೆ ಹಾಜರುಪಡಿಸಿ, ಅದರ ಹಿಡಿಯನ್ನು ಅಳೆಸಿ, ಮಣಿಕಟ್ಟಿನ ಮೇಲೆ ಮುದ್ರೆ ಒತ್ತಿಸಿಕೊಂಡು ಹೋಗಬೇಕಾಗಿ ಕೋರುತ್ತೇನೆ. ಮುದ್ರೆ ಕಾಯಿಸಿ ಒತ್ತುವಂಥದ್ದಲ್ಲ, ಹೆದರಬೇಡಿ.

ಇನ್ನು ಒಲೆಯ ವಿಚಾರ. ‘ಬಾಣಲೆಗೆ ಒಂದು ಸುತ್ತು ಆಲಿವ್ ಎಣ್ಣೆ ಹರಿಸಿ’ ಎಂದಿರಿ. ಸುತ್ತಿನ ವ್ಯಾಸ ತಿಳಿಸಲಿಲ್ಲ. ‘ಬೆಳ್ಳುಳ್ಳಿ ಹೊಂಬಣ್ಣಕ್ಕೆ ತಿರುಗುವುದಕ್ಕೆ ತುಸು ಮುಂಚೆ ಟೊಮೆಟೊ ಹಾಕಿ’ ಎಂದಿರಿ. ಬೆಳ್ಳುಳ್ಳಿ ತಾನು ತಿರುಗಲಿದ್ದೇನೆಂದು ಮುಂಚಿತವಾಗಿ ತಿಳಿವಳಿಕೆ ಪತ್ರ ಕೊಡುವುದಿಲ್ಲವಾದ್ದರಿಂದ, ನನ್ನದು ಹೊಂಬಣ್ಣವನ್ನು ದಾಟಿ ಇದ್ದಿಲಿನ ಕಡೆಗೆ ನಾಲ್ಕು ಹೆಜ್ಜೆ ಹೋದ ಮೇಲೆ ನನಗೆ ವಿಷಯ ಗೊತ್ತಾಯಿತು. ಇವೆಲ್ಲವನ್ನೂ ನಾನು ಹೊಟ್ಟೆಗೆ ಹಾಕಿಕೊಂಡೆ, ಬೇರೆ ದಾರಿಯೂ ಇರಲಿಲ್ಲ.

ಆದರೆ ಪಾಸ್ತಾ ಬೇಯಿಸುವ ನೀರು ‘ಸಮುದ್ರದಷ್ಟು ಉಪ್ಪಾಗಿರಬೇಕು’ ಎಂಬ ಸಾಲು ಕಣ್ಣಿಗೆ ಬಿದ್ದಾಗ ನನ್ನ ಕಣ್ಣು ತುಂಬಿ ಬಂತು. ಸ್ವಲ್ಪ, ತುಸು, ಚಿಟಿಕೆಗಳ ನಡುವೆ ಕಡೆಗೂ ಅಳೆಯಬಹುದಾದ ಒಂದು ಮಾತು! ಸಮುದ್ರದ ನೀರಿನಲ್ಲಿ ಲೀಟರಿಗೆ ಸುಮಾರು ಮೂವತ್ತೈದು ಗ್ರಾಂ ಉಪ್ಪಿರುತ್ತದೆಂದು ಪುಸ್ತಕ ತೆರೆದು ಖಚಿತಪಡಿಸಿಕೊಂಡು, ಚಿನ್ನದಂಗಡಿಗಳ ತಪಾಸಣೆಗೆಂದು ನನ್ನ ಬಳಿ ಇರುವ ಗಾಜಿನ ಪೆಟ್ಟಿಗೆಯ ತಕ್ಕಡಿಯಲ್ಲಿ ತೂಗಿ, ಒಂದು ಹರಳೂ ಹೆಚ್ಚುಕಡಿಮೆಯಾಗದಂತೆ ನೀರಿಗೆ ಸುರಿದೆ. ತಮ್ಮ ಪಾಕವಿಧಾನದಲ್ಲಿ ನಾನು ಅಕ್ಷರಶಃ ಪಾಲಿಸಲು ಸಾಧ್ಯವಾದ ಆಜ್ಞೆ ಅದೊಂದೇ, ಊಟ ಕೆಡಲು ಶುರುವಾದದ್ದೂ ಅಲ್ಲಿಂದಲೇ. ಅದು ಬರೀ ಮಾತಿನ ಅಲಂಕಾರವೆಂದು ತಾವು ಅಡಿಟಿಪ್ಪಣಿಯಲ್ಲಾದರೂ ಹೇಳಬಹುದಿತ್ತು.

ಬಳಿಕ ಬಂದದ್ದು ‘ಪಾಸ್ತಾ ಹಲ್ಲಿಗೆ ಸಿಗುವ ಹಾಗೆ ಬೇಯಿಸಿ’ ಎಂಬ ಸೂಚನೆ. ಯಾರ ಹಲ್ಲು, ಮುಂದಿನದೋ ದವಡೆಯದೋ, ಕಟ್ಟಿಸಿಕೊಂಡ ಹಲ್ಲು ನಡೆಯುತ್ತದೋ ಇಲ್ಲವೋ ಎಂದು ನಾನು ಗೊಣಗುತ್ತ, ಶಾವಿಗೆಯಂಥ ಒಂದು ಎಳೆಯನ್ನು ಚಮಚದ ತುದಿಯಲ್ಲಿ ಹಿಡಿದು ನಿಂತಿದ್ದೆ. ಹೊಲಿಗೆಯಂತ್ರದ ಮುಂದೆ ಸುಮ್ಮನೆ ಕೂತಿದ್ದ ನನ್ನ ಹೆಂಡತಿ ಎದ್ದು ಬಂದು, ಆ ಎಳೆಯನ್ನು ಎತ್ತಿಕೊಂಡು, ಊದಿ, ಕಚ್ಚಿ ನೋಡಿ, “ನಡುವೆ ಇನ್ನೂ ದಾರದಷ್ಟು ಗಟ್ಟಿ ಇದೆ, ಬಿಡಿ” ಎಂದಳು. ಮತ್ತೆ ಒಂದು ಎಳೆ ತೆಗೆದಳು, ಮತ್ತೊಂದು, ಮಗದೊಂದು. “ಈಗ ಇಳ್ಸಿ. ಇಳ್ಸಿ ಅಂದೆ ಅಲ್ವಾ, ಏನ್ ಬಾಯಿ ನೋಡ್ತಾ ನಿಂತಿದೀರ!” ಎಂದು ಗದರಿದಳು. ಮಾನ್ಯರೇ, ಅವಳು ಅಡುಗೆಮನೆಯಲ್ಲಿ ನನ್ನನ್ನು ಗದರಿ ಎಷ್ಟೋ ಕಾಲವಾಗಿತ್ತು, ನನಗೆ ಹಬೆಯಲ್ಲಿ ಏನೂ ಕಾಣದಷ್ಟು ಸಂತೋಷವಾಯಿತು. ನಾಲಿಗೆ ಕೈಕೊಟ್ಟರೂ ಅವಳ ಹಲ್ಲು ಅವಳ ಬಳಿಯೇ ಇತ್ತು. ಅದು ನನಗೆ ಹೊಳೆದಿರಲಿಲ್ಲ, ವೈದ್ಯರಿಗೂ ಹೊಳೆದಿರಲಿಲ್ಲ.

ಕೊನೆಯಲ್ಲಿ ತಾವು, ಟೊಮೆಟೊ ಗೊಜ್ಜಿನಂತಾದಾಗ ಪಾಸ್ತಾ ಬೆಂದ ನೀರು ಒಂದು ಸೌಟು ಸೇರಿಸಿ, ಎಲೆಗಳನ್ನು ಹರಿದು ಹಾಕಿ, ‘ರುಚಿಗೆ ತಕ್ಕಷ್ಟು ಉಪ್ಪು’ ಬೆರೆಸಿ ಎಂದು ಬರೆದು ಕೈತೊಳೆದುಕೊಂಡಿರಿ. ಯಾರ ರುಚಿಗೆ, ಸ್ವಾಮಿ? ನಮ್ಮ ಮನೆಯ ಒಂದು ನಾಲಿಗೆಗೆ ರುಚಿ ಇಲ್ಲ, ಇನ್ನೊಂದು ಸುಳ್ಳು ಸಾಕ್ಷಿ ಹೇಳಿ ಅಮಾನತಿನಲ್ಲಿದೆ. “ಮೊದ್ಲೇ ನೋಡಿ ಸರಿ ಮಾಡ್ಕೊಂಡ್ರೆ ಪರೀಕ್ಷೆ ಹೇಗಾಗುತ್ತೆ? ತಟ್ಟೆಗೆ ಬಂದ್ಮೇಲೆ ಹೇಳಿ” ಎಂದು ಅವಳ ಕಟ್ಟಪ್ಪಣೆ ಬೇರೆ. ನಾನು ಒಂದು ಚಮಚ ಉಪ್ಪನ್ನು ಚಾಕುವಿನಿಂದ ಮಟ್ಟ ಮಾಡಿ, ಕಣ್ಣು ಮುಚ್ಚಿ ಹಾಕಿಬಿಟ್ಟೆ.

ಮೇಜಿನ ಮೇಲೆ ತಟ್ಟೆಗಳು ಬಂದವು. ಅವಳು ತನ್ನದನ್ನು ಮುಟ್ಟದೆ ನನ್ನ ಬಾಯನ್ನೇ ನೋಡುತ್ತ ಕೂತಳು. ನಾನು ಒಂದು ತುತ್ತು ಬಾಯಿಗಿಟ್ಟೆ, ಕಿವಿಯವರೆಗೆ ಉಪ್ಪು ಏರಿತು. ‘ಚೆನ್ನಾಗಿದೆ’ ಎಂಬ ಮಾತು ಅಭ್ಯಾಸಬಲದಿಂದ ತುಟಿಯವರೆಗೂ ಬಂದಿತ್ತು. ಅವಳ ಮುಖ ನೋಡಿದೆ, ಇದೊಂದು ಸಲ ತಪ್ಪಿದರೆ ಇನ್ನೆಂದೂ ನನ್ನನ್ನು ಏನನ್ನೂ ಕೇಳುವುದಿಲ್ಲವೆಂದು ತಿಳಿಯಿತು. “ಬಾಯಿಗಿಡೋ ಹಾಗಿಲ್ಲ ಕಣೇ, ಉಪ್ಪೋ ಉಪ್ಪು” ಎಂದೆ.

ಅವಳು ಮೇಜು ಹಿಡಿದುಕೊಂಡು ನಕ್ಕಳು. “ಅಬ್ಬಾ, ಅಂತೂ ನಿಜ ಬಾಯಿಬಿಟ್ರಿ” ಎಂದು ಸೆರಗಿನಲ್ಲಿ ಕಣ್ಣೊರೆಸಿಕೊಂಡು ತಿನ್ನಲು ಕೂತವಳು, ಒಂದೊಂದೇ ಎಳೆಯನ್ನು ಕಚ್ಚಿ, ಅಗಿದು, ತಟ್ಟೆ ಖಾಲಿ ಮಾಡಿದಳು. “ನಂಗೆ ಹೇಗಿದ್ರೂ ಒಂದೇ, ಕೊಡಿ ಇಲ್ಲಿ” ಎಂದು ನನ್ನ ತಟ್ಟೆಯನ್ನೂ ಎಳೆದುಕೊಂಡಳು. ನಾನು ಬ್ರೆಡ್ಡು ತಿಂದೆ, ಅವಳಿಗೆ ಕುಡಿಯಲು ಮತ್ತೆ ಮತ್ತೆ ನೀರು ತಂದಿಟ್ಟೆ.

ಆದ್ದರಿಂದ ತಮ್ಮ ಮೇಲಿನ ನನ್ನ ಅಧಿಕೃತ ದೂರು ಇಷ್ಟು: ‘ಇಬ್ಬರಿಗೆ ಸಾಕು’ ಎಂದು ತಾವು ಮುದ್ರಿಸಿರುವುದು ಶುದ್ಧ ಸುಳ್ಳು, ಅದು ನಮ್ಮ ಮನೆಯಲ್ಲಿ ಒಬ್ಬರಿಗೇ ಸರಿಹೋಯಿತು. ಇಷ್ಟು ಕೆಟ್ಟ ಅಡುಗೆಯನ್ನು ಇಷ್ಟು ಸರಳವಾಗಿ ಕಲಿಸಿದ್ದಕ್ಕೆ ತಮಗೆ ನಾನು ಚಿರಋಣಿ. ಮುಂದಿನ ಮುದ್ರಣಗಳಲ್ಲಿ ‘ರುಚಿಗೆ ತಕ್ಕಷ್ಟು’ ಎಂಬುದನ್ನು ತೆಗೆದುಹಾಕಿ, ‘ಪಕ್ಕದಲ್ಲಿ ಕೂತವರು ನಿಜ ಹೇಳುವಷ್ಟು’ ಎಂದು ತಿದ್ದಬೇಕಾಗಿ ವಿನಂತಿ. ಅದಕ್ಕೆ ಮುದ್ರೆ ಒತ್ತಿಕೊಡಲು ನಾನು ಸಿದ್ಧನಿದ್ದೇನೆ.

ತಮ್ಮ ಅಳತೆಗಳನ್ನು ಬಿಟ್ಟು ಉಳಿದೆಲ್ಲದರಲ್ಲೂ
ತಮ್ಮ ವಿಶ್ವಾಸಿ,
ತೂಕ ಮತ್ತು ಅಳತೆ ಪರಿವೀಕ್ಷಕ

ಬರೆಯಲು ಬಿಟ್ಟುಹೋದದ್ದು: ನನ್ನ ಹೆಂಡತಿ ಈ ಭಾನುವಾರ ತನ್ನ ಅಕ್ಕನನ್ನು ಪಾಸ್ತಾ ಊಟಕ್ಕೆ ಕರೆದಿದ್ದಾಳೆ. ಬೇಯಿಸುವ ಹದ ಅವಳ ಜವಾಬ್ದಾರಿ, ಉಪ್ಪು ನನ್ನದು. ಶನಿವಾರದೊಳಗೆ ತಮ್ಮಿಂದ ಗ್ರಾಂ ಲೆಕ್ಕದಲ್ಲಿ ಉತ್ತರ ಬಾರದಿದ್ದರೆ, ಊಟವಾದ ಮೇಲೆ ಆ ಅಕ್ಕನಿಗೇ ತಮ್ಮ ಕಚೇರಿಯ ವಿಳಾಸ ಕೊಟ್ಟು ಕಳಿಸುತ್ತೇನೆ. ಆಕೆಯ ನಾಲಿಗೆಗೆ ರುಚಿ ಬಹಳ ಚೆನ್ನಾಗಿ ತಿಳಿಯುತ್ತದೆ, ಆ ನಾಲಿಗೆಯ ರುಚಿ ಎಂಥದೆಂಬುದು ಸೋಮವಾರ ತಮಗೂ ತಿಳಿಯುತ್ತದೆ.